ಹಳೆಯ ಚಲಚ್ಚಿತ್ರದ ಸಾಕ್ಷ್ಯ

ಕೃಷ್ಣಾ ನದಿಯ ನೀರು ನಮ್ಮ ನಾಡಿಗೆ ಬಂದ ಕಥೆಯನ್ನು ಹೇಳುವ ಕಿರುಚಿತ್ರವೊಂದನ್ನು ತಯಾರಿಸಬೇಕೆಂದು ನಮ್ಮ ಕಾಲೇಜಿನ ವಿಜ್ಞಾನ ಸಂಘದ ವಿದ್ಯಾರ್ಥಿಗಳು ಒಮ್ಮೆ ನಿಶ್ಚಯಿಸಿದರು. ಶಹಾಪುರ, ಸುರಪುರಗಳ ಕಡೆ ಇಂದು ಕಾಲುವೆಯ ಬದಿಗೆ ಭತ್ತದ ಗದ್ದೆಗಳು ಕಾಣುತ್ತವೆ. ಆ ವಿದ್ಯಾರ್ಥಿಗಳ ಅಜ್ಜಂದಿರ ಕಾಲದಲ್ಲಿ ಅದೇ ನೆಲದಲ್ಲಿ ಜೋಳ, ಸಜ್ಜೆ, ತೊಗರಿಗಳು ಮಳೆಯೊಂದನ್ನೇ ನಂಬಿ ಬೆಳೆಯುತ್ತಿದ್ದವು. ಇಷ್ಟು ದೊಡ್ಡ ಬದಲಾವಣೆಯ ಮೊದಲ ದಿನವನ್ನು ಪರದೆಯ ಮೇಲೆ ತೋರಿಸಬೇಕೆಂಬುದು ಅವರ ಆಸೆ. ಕೃಷ್ಣಾ ಮೇಲ್ದಂಡೆ ಯೋಜನೆಗಾಗಿ ಆಲಮಟ್ಟಿಯಲ್ಲಿ ಲಾಲ್ ಬಹಾದ್ದೂರ್ ಶಾಸ್ತ್ರಿಯವರು ಅಡಿಗಲ್ಲನ್ನಿಟ್ಟದ್ದು 1964ರ ಮೇ 22ರಂದು. ಆ ದಿನದ ಚಲಚ್ಚಿತ್ರವೆಂದು ಹೇಳಲಾದ ಒಂದು ತುಣುಕು ಅಂತರ್ಜಾಲದಲ್ಲಿ ಅವರಿಗೆ ದೊರೆಯಿತು. ಕಪ್ಪು ಬಿಳುಪಿನ ಚಿತ್ರ; ತಲೆಯ ಮೇಲೆ ಬುಟ್ಟಿ ಹೊತ್ತ ನೂರಾರು ಕೂಲಿಕಾರರು; ಹಿನ್ನೆಲೆಯಲ್ಲಿ ದಂಡೆ ಮುಟ್ಟಿ ಹರಿಯುವ ಹೊಳೆ. “ಮಧ್ಯಾಹ್ನ ಹನ್ನೆರಡರ ಶುಭಮುಹೂರ್ತ” ಎಂದು ಅವರೇ ಬರೆದುಕೊಂಡ ವಿವರಣೆಯನ್ನೂ ಅದಕ್ಕೆ ಸೇರಿಸಿದರು.

ಚಿತ್ರವನ್ನು ಮೊದಲ ಬಾರಿಗೆ ತೋರಿಸಿದಾಗ ಸಭೆಯಲ್ಲಿದ್ದವರೆಲ್ಲ ಚಪ್ಪಾಳೆ ತಟ್ಟಿದರು. ಹಿಂದಿನ ಸಾಲಿನಲ್ಲಿ ಕುಳಿತಿದ್ದ ಒಬ್ಬ ವೃದ್ಧ ರೈತರು ಮಾತ್ರ ಎದ್ದು ನಿಂತು, “ಸರ, ಮೇ ತಿಂಗಳದಾಗ ಹೊಳಿ ಹಿಂಗ ದಂಡಿ ತುಂಬಿ ಹರಿತದೇನ್ರಿ?” ಎಂದು ಕೇಳಿದರು. ಸಭೆ ಸ್ತಬ್ಧವಾಯಿತು. ಭೌತಶಾಸ್ತ್ರದ ಉಪನ್ಯಾಸಕನಾದ ನಾನೂ ಆ ತುಣುಕನ್ನು ನಾಲ್ಕು ಬಾರಿ ನೋಡಿ ಒಪ್ಪಿಗೆ ಕೊಟ್ಟವನೇ! ಮುಂಗಾರು ಬೀಳುವ ಮೊದಲು ಕೃಷ್ಣೆ ಬಡವಾಗಿ ಹರಿಯುವಳೆಂಬುದು ಈ ಸೀಮೆಯ ಯಾರಿಗೆ ತಿಳಿಯದು? ತಿಳಿದೂ ನಾವು ಅದನ್ನು ಚಿತ್ರದೊಡನೆ ಹೋಲಿಸಿ ನೋಡಿರಲಿಲ್ಲ.

ಆ ಪ್ರಶ್ನೆಯಿಂದ ನಾವು ಕಲಿತ ಪಾಠವೇ ಈ ಲೇಖನದ ವಿಷಯ. ಚಲಚ್ಚಿತ್ರ, ದೂರದರ್ಶನಗಳಿಗೆ ಬೇಕಾದ ಹಳೆಯ ದೃಶ್ಯಗಳನ್ನು ಹುಡುಕಿ ತರುವುದು ಇಂದು ಒಂದು ಪ್ರತ್ಯೇಕ ವೃತ್ತಿಯಾಗಿದೆ. ಆ ವೃತ್ತಿಯವರ ಕೆಲಸದಲ್ಲಿ ಹುಡುಕುವುದು ಅರ್ಧ ಭಾಗ ಮಾತ್ರ. ದೊರೆತ ಚಿತ್ರವು ಯಾವ ಸ್ಥಳದ್ದು, ಯಾವ ಕಾಲದ್ದು, ಯಾರು ತೆಗೆದದ್ದು ಎಂದು ಪರೀಕ್ಷಿಸುವುದು ಉಳಿದರ್ಧ. ಈ ಪರೀಕ್ಷೆಗೆ ಪ್ರೌಢಶಾಲೆಯ ಭೌತಶಾಸ್ತ್ರವೇ ಬಹುಮಟ್ಟಿಗೆ ಸಾಕು.

ಎಲ್ಲಿ ಹುಡುಕಬೇಕು?

ಚಲಚ್ಚಿತ್ರವು ಹುಟ್ಟಿದ್ದು 1895ರಲ್ಲಿ. ಆ ವರ್ಷದ ಡಿಸೆಂಬರ್ 28ರಂದು ಪ್ಯಾರಿಸ್ಸಿನಲ್ಲಿ ಲ್ಯೂಮಿಯೇರ್ ಸಹೋದರರು ತಮ್ಮ ಚಿತ್ರಗಳನ್ನು ಹಣ ಕೊಟ್ಟು ಬಂದ ಪ್ರೇಕ್ಷಕರಿಗೆ ತೋರಿಸಿದರು. 1896ರ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ ಅವು ಪ್ರದರ್ಶಿತವಾದವು. ಆದುದರಿಂದ 1858ರಲ್ಲಿ ಸುರಪುರದ ರಾಜಾ ವೆಂಕಟಪ್ಪನಾಯಕನು ಬ್ರಿಟಿಷರನ್ನು ಎದುರಿಸಿದ ಘಟನೆಗೆ ಚಲಿಸುವ ಚಿತ್ರವಿರುವುದು ಅಸಾಧ್ಯ. ಅಲ್ಲಿ ಲಿಖಿತ ದಾಖಲೆ, ರೇಖಾಚಿತ್ರ, ಕಟ್ಟಡಗಳನ್ನೇ ಆಶ್ರಯಿಸಬೇಕು. ಶೋಧಕನ ಮೊದಲ ಪ್ರಶ್ನೆ ಇದು: ನಾನು ಹುಡುಕುವ ವಸ್ತು ಆ ಕಾಲದಲ್ಲಿ ಇರಲು ಸಾಧ್ಯವಿತ್ತೆ?

ಸಾಧ್ಯವಿದ್ದರೆ, ಆ ದಿನ ಅಲ್ಲಿ ಯಾರ ಕ್ಯಾಮರಾ ಇದ್ದಿರಬಹುದು ಎಂಬುದು ಎರಡನೆಯ ಪ್ರಶ್ನೆ. ಭಾರತ ಸರ್ಕಾರದ ಫಿಲ್ಮ್ಸ್ ಡಿವಿಜನ್ 1948ರಲ್ಲಿ ಸ್ಥಾಪಿತವಾಯಿತು. ಅದು ‘ಇಂಡಿಯನ್ ನ್ಯೂಸ್ ರಿವ್ಯೂ’ ಎಂಬ ಸುದ್ದಿಚಿತ್ರವನ್ನು ವಾರಕ್ಕೊಮ್ಮೆ ಸಿದ್ಧಪಡಿಸಿ ದೇಶದ ಚಿತ್ರಮಂದಿರಗಳಿಗೆ ಕಳುಹಿಸುತ್ತಿತ್ತು. ಅದಕ್ಕೆ ಹಿಂದೆ, ಎರಡನೆಯ ಮಹಾಯುದ್ಧದ ಕಾಲದಲ್ಲಿ ಇದ್ದ ಸರ್ಕಾರಿ ಚಿತ್ರಶಾಖೆಗಳನ್ನು 1946ರಲ್ಲಿ ಮುಚ್ಚಲಾಗಿತ್ತು. ಹೀಗಾಗಿ 1947ರ ಆಗಸ್ಟ್ 15ರಂದು ಸ್ವಾತಂತ್ರ್ಯೋತ್ಸವವನ್ನು ಚಿತ್ರಿಸಲು ಸರ್ಕಾರದ ಸ್ವಂತ ಚಿತ್ರಸಂಸ್ಥೆಯೇ ಇರಲಿಲ್ಲ. ಆ ದಿನದ ದೃಶ್ಯಗಳಿಗಾಗಿ ಖಾಸಗಿ ಚಿತ್ರಗ್ರಾಹಕರನ್ನೂ ವಿದೇಶಿ ಸುದ್ದಿಚಿತ್ರ ಸಂಸ್ಥೆಗಳನ್ನೂ ನಾವು ಅವಲಂಬಿಸಬೇಕಾಗಿದೆ. ಅಂಥ ಸಂಸ್ಥೆಗಳಲ್ಲೊಂದಾದ ಬ್ರಿಟಿಷ್ ಪಾಥೆ 2014ರಲ್ಲಿ ತನ್ನ ಸುಮಾರು 85,000 ಚಿತ್ರಗಳನ್ನು ಅಂತರ್ಜಾಲದಲ್ಲಿ ಎಲ್ಲರ ನೋಟಕ್ಕೆ ತೆರೆದಿಟ್ಟಿತು.

ರಾಷ್ಟ್ರೀಯ ಚಲನಚಿತ್ರ ಭಂಡಾರವು ಪುಣೆಯಲ್ಲಿ ಆರಂಭವಾದದ್ದು 1964ರ ಫೆಬ್ರವರಿಯಲ್ಲಿ, ಎಂದರೆ ಆಲಮಟ್ಟಿಯ ಅಡಿಗಲ್ಲಿಗೆ ಮೂರು ತಿಂಗಳ ಮೊದಲು. ಇದೂ ಫಿಲ್ಮ್ಸ್ ಡಿವಿಜನ್ನೂ 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದೊಳಗೆ ಸೇರಿಹೋದವು. ಶೋಧಕನಿಗೆ ಇಂಥ ವಂಶಾವಳಿಯೂ ತಿಳಿದಿರಬೇಕು. ಹಳೆಯ ಪಟ್ಟಿಯಲ್ಲಿ ಒಂದು ಸಂಸ್ಥೆಯ ಹೆಸರಿದ್ದರೆ, ಇಂದು ಪತ್ರ ಬರೆಯಬೇಕಾದ ವಿಳಾಸ ಮತ್ತೊಂದಾಗಿರುತ್ತದೆ.

ಯಾವ ಹೆಸರಿನಿಂದ ಹುಡುಕಬೇಕು?

ಭಂಡಾರದ ಪಟ್ಟಿಯನ್ನು ಬರೆದವನು ತನ್ನ ಕಾಲದ ಹೆಸರುಗಳನ್ನೇ ಬಳಸಿರುತ್ತಾನೆ. ನಮ್ಮ ಯಾದಗಿರಿ, ಶಹಾಪುರ, ಸುರಪುರಗಳು 1948ರವರೆಗೆ ನಿಜಾಮನ ಆಳ್ವಿಕೆಯ ಹೈದರಾಬಾದ್ ಸಂಸ್ಥಾನಕ್ಕೆ ಸೇರಿದ್ದವು. 1956ರ ನವೆಂಬರ್ 1ರಂದು ಗುಲ್ಬರ್ಗಾ ಜಿಲ್ಲೆಯೊಡನೆ ಮೈಸೂರು ರಾಜ್ಯಕ್ಕೆ ಬಂದವು. 1973ರಲ್ಲಿ ಆ ರಾಜ್ಯ ಕರ್ನಾಟಕವಾಯಿತು. 2014ರಲ್ಲಿ ಗುಲ್ಬರ್ಗಾ ಕಲಬುರಗಿಯಾಯಿತು, ಬಿಜಾಪುರ ವಿಜಯಪುರವಾಯಿತು. ಸುರಪುರವನ್ನು ಆಂಗ್ಲರು ‘ಶೋರಾಪುರ’ವೆಂದು ಬರೆದರು. ‘ಯಾದಗಿರಿ ಜಿಲ್ಲೆ, ಕರ್ನಾಟಕ’ ಎಂದಷ್ಟೇ ಹುಡುಕುವವನಿಗೆ 1950ರ ಚಿತ್ರವು ಕಣ್ಣೆದುರೇ ಇದ್ದರೂ ಸಿಕ್ಕದು.

ಪದವಿಗಳ ವಿಷಯವೂ ಹೀಗೆಯೇ. ನಮ್ಮ ವಿದ್ಯಾರ್ಥಿಗಳು ‘ಪ್ರಧಾನಮಂತ್ರಿ ಶಾಸ್ತ್ರಿ, ಆಲಮಟ್ಟಿ’ ಎಂದು ಹುಡುಕಿದ್ದರು. ಆದರೆ ಮೇ 22ರಂದು ಶಾಸ್ತ್ರಿಯವರು ಪ್ರಧಾನಿಯಾಗಿರಲಿಲ್ಲ. ನೆಹರೂ ಅವರ ಸಂಪುಟದಲ್ಲಿ ಸಚಿವರಾಗಿದ್ದರು. ಐದು ದಿನಗಳ ಅನಂತರ, 27ರಂದು, ನೆಹರೂ ತೀರಿಕೊಂಡರು. ಶಾಸ್ತ್ರಿಯವರು ಪ್ರಧಾನಿಯಾದದ್ದು ಜೂನ್ 9ರಂದು. ಇದರಿಂದ ಇನ್ನೊಂದು ಅಂಶವೂ ಹೊಳೆಯುತ್ತದೆ. ದೇಶವೆಲ್ಲ ಶೋಕದಲ್ಲಿ ಮುಳುಗಿದ್ದ ಆ ವಾರದ ಸುದ್ದಿಚಿತ್ರದಲ್ಲಿ ದೂರದ ಅಣೆಕಟ್ಟಿನ ಸಮಾರಂಭಕ್ಕೆ ಎಷ್ಟು ನಿಮಿಷ ದೊರೆತೀತು? ಆದ್ದರಿಂದ ಪರದೆಗೆ ಬಂದ ಸಂಚಿಕೆಗಳನ್ನು ಮಾತ್ರವಲ್ಲದೆ, ಸಂಕಲನದಲ್ಲಿ ಉಳಿದುಹೋದ ಸುರುಳಿಗಳ ಪಟ್ಟಿಯನ್ನೂ ಕೇಳಬೇಕು. ಮುಂದಿನ ವರ್ಷಗಳಲ್ಲಿ ತಯಾರಾದ ನೀರಾವರಿ ಸಾಕ್ಷ್ಯಚಿತ್ರಗಳನ್ನೂ ನೋಡಬೇಕು.

ಫಿಲ್ಮೇ ಹೇಳುವ ಮಾತು

ಮೂಲ ಸುರುಳಿ ಕೈಗೆ ಬಂದರೆ ಮೊದಲು ನೋಡಬೇಕಾದದ್ದು ಅದರ ಅಳತೆ. 35 ಮಿಲಿಮೀಟರ್ ಅಗಲದ ಫಿಲ್ಮು ವೃತ್ತಿಪರರದು. 16 ಮಿಲಿಮೀಟರಿನದು 1923ರಲ್ಲಿ ಬಂದಿತು. 8 ಮಿಲಿಮೀಟರಿನದು 1932ರಲ್ಲಿ. ‘ಸೂಪರ್ 8’ ಎಂಬುದು 1965ರಲ್ಲಿ. ಸೂಪರ್ 8 ಸುರುಳಿಯೊಂದರಲ್ಲಿ 1964ರ ಸಮಾರಂಭವಿದೆ ಎಂದು ಯಾರಾದರೂ ಹೇಳಿದರೆ, ಅದು ಮತ್ತೊಂದು ಫಿಲ್ಮಿನಿಂದ ತೆಗೆದ ಪ್ರತಿಯಾಗಿರಬೇಕು, ಇಲ್ಲವೆ ಹೇಳಿಕೆ ತಪ್ಪಾಗಿರಬೇಕು. ಕೊಡಕ್ ಕಂಪನಿಯ ಫಿಲ್ಮಿನ ಅಂಚಿನಲ್ಲಿ ವೃತ್ತ, ಚೌಕ, ತ್ರಿಕೋನಗಳಂಥ ಸಣ್ಣ ಗುರುತುಗಳಿರುತ್ತಿದ್ದವು. ಅವು ತಯಾರಿಕೆಯ ವರ್ಷವನ್ನು ಸೂಚಿಸುತ್ತವೆ. ಇವೇ ಗುರುತುಗಳು 20 ವರ್ಷಗಳಿಗೊಮ್ಮೆ ಮರಳಿ ಬಂದದ್ದರಿಂದ ಯಾವ ಆವರ್ತನೆ ಎಂಬುದನ್ನು ಬೇರೆ ಆಧಾರಗಳಿಂದ ನಿರ್ಧರಿಸಬೇಕು. ಗುರುತು ತಿಳಿಸುವುದು ಫಿಲ್ಮು ತಯಾರಾದ ವರ್ಷವನ್ನು. ಚಿತ್ರ ತೆಗೆದದ್ದು ಆ ವರ್ಷದಲ್ಲೋ ಅನಂತರವೋ ಇರಬಹುದು, ಅದಕ್ಕೆ ಮೊದಲಂತೂ ಅಲ್ಲ.

ಬೀಳುವ ಕಲ್ಲು

ಮೂಲ ಸುರುಳಿ ಇಲ್ಲದೆ ಚಿತ್ರ ಮಾತ್ರ ದೊರೆತಾಗ ಏನು ಮಾಡಬೇಕು? ಮೂಕಿಚಿತ್ರಗಳ ಕಾಲದಲ್ಲಿ ಸೆಕೆಂಡಿಗೆ ಸಾಮಾನ್ಯವಾಗಿ 16ರಿಂದ 18 ಚೌಕಟ್ಟುಗಳು ಕ್ಯಾಮರಾದಲ್ಲಿ ಸಾಗುತ್ತಿದ್ದವು. ವಾಕ್ಚಿತ್ರಗಳು ಬಂದ ಮೇಲೆ 24 ಎಂಬ ಸಂಖ್ಯೆ ಸ್ಥಿರವಾಯಿತು. ನಮ್ಮ ದೂರದರ್ಶನದಲ್ಲಿ 25. ಸೆಕೆಂಡಿಗೆ 16ರಂತೆ ತೆಗೆದ ಚಿತ್ರವನ್ನು 24ರಂತೆ ಓಡಿಸಿದರೆ ಚಲನೆಯೆಲ್ಲ ಒಂದೂವರೆ ಪಟ್ಟು ಬಿರುಸಾಗುತ್ತದೆ. ಹಳೆಯ ಚಿತ್ರಗಳಲ್ಲಿ ಹಿರಿಯರು ಕುಣಿದಾಡುತ್ತ ನಡೆಯುವಂತೆ ತೋರುವುದು ಈ ಕಾರಣದಿಂದಲೇ.

ಚಿತ್ರವನ್ನು ಯಾವ ವೇಗದಲ್ಲಿ ತೆಗೆದರೆಂದು ಕಂಡುಹಿಡಿಯಲು ಗೆಲಿಲಿಯೋ ನೆರವಾಗುತ್ತಾನೆ. ಬಂಡಿಯ ಮೇಲಿಂದ ಕಲ್ಲೊಂದು 1.2 ಮೀಟರ್ ಕೆಳಗೆ ಬಿದ್ದಿತೆಂದು ಇಟ್ಟುಕೊಳ್ಳೋಣ. ದೂರವು ವೇಗೋತ್ಕರ್ಷ ಹಾಗೂ ಕಾಲದ ವರ್ಗಗಳ ಗುಣಲಬ್ಧದ ಅರ್ಧ ಎಂಬ ಸೂತ್ರವನ್ನು ನೀವು ಬಲ್ಲಿರಿ. ಗುರುತ್ವದ ವೇಗೋತ್ಕರ್ಷವನ್ನು 9.8 ಎಂದು ತೆಗೆದುಕೊಂಡರೆ, ಬೀಳುವ ಕಾಲ ಸುಮಾರು ಅರ್ಧ ಸೆಕೆಂಡು. ಈಗ ಚೌಕಟ್ಟುಗಳನ್ನು ಎಣಿಸಿರಿ. ಕಲ್ಲು ಕೈಬಿಟ್ಟಾಗಿನಿಂದ ನೆಲ ಮುಟ್ಟುವವರೆಗೆ 12 ಚೌಕಟ್ಟುಗಳಿದ್ದರೆ ವೇಗ 24. 8 ಇದ್ದರೆ 16. ಎಂಟೇ ಇದ್ದ ಮಾತ್ರಕ್ಕೆ ಅದು ಮೂಕಿಚಿತ್ರದ ಕಾಲದ್ದೆಂದು ಹೇಳಿಬಿಡಲಾಗದು. ಮನೆಬಳಕೆಯ 8 ಮಿಲಿಮೀಟರ್ ಕ್ಯಾಮರಾಗಳೂ ಬಹುಕಾಲ 16ರಲ್ಲೇ ಓಡುತ್ತಿದ್ದವು. ಆದರೆ ಇದು 1964ರ ಸರ್ಕಾರಿ ಸುದ್ದಿಚಿತ್ರವೆಂದು ಹೇಳುವವನನ್ನು ಕಾರಣ ಕೇಳಲು ಇಷ್ಟು ಸಾಕು.

ಬಂಡಿಯ ಗಾಲಿಯನ್ನೂ ಬಿಡಬಾರದು. ಹಳೆಯ ಚೌಕಟ್ಟಿನ ಅಗಲ ಎತ್ತರಗಳ ಪ್ರಮಾಣ 4ಕ್ಕೆ 3. ಇಂದಿನ ಪರದೆಯದು 16ಕ್ಕೆ 9. ಹಳೆಯ ಚಿತ್ರವನ್ನು ಎಳೆದು ಹೊಸ ಪರದೆಯ ಅಗಲಕ್ಕೆ ತುಂಬಿಸಿದರೆ ಅಗಲವು ಮೂರನೆಯ ಒಂದು ಭಾಗದಷ್ಟು ಹಿಗ್ಗುತ್ತದೆ. ನೇರವಾಗಿ ಪಕ್ಕದಿಂದ ಕಾಣುವ ಗಾಲಿ ಮೊಟ್ಟೆಯಾಕಾರವಾಗುತ್ತದೆ. ನಮ್ಮ ತುಣುಕಿನಲ್ಲಿ ಗಾಲಿಗಳೆಲ್ಲ ಮೊಟ್ಟೆಗಳೇ! ಯಾರೋ ಅದನ್ನು ಎಲ್ಲಿಂದಲೋ ತೆಗೆದು ಹಿಗ್ಗಿಸಿದ್ದಾರೆಂಬುದು ಅದರಿಂದ ಗೊತ್ತಾಯಿತು.

ನೆರಳಿನ ಲೆಕ್ಕ

ಆಲಮಟ್ಟಿಯ ಅಕ್ಷಾಂಶ ಸುಮಾರು 16.3 ಡಿಗ್ರಿ ಉತ್ತರ. ಮೇ 22ರಂದು ಸೂರ್ಯನ ಕ್ರಾಂತಿ ಸುಮಾರು 20.3 ಡಿಗ್ರಿ ಉತ್ತರ. ಎಂದರೆ ಆ ದಿನ ನಡುಹಗಲಿನಲ್ಲಿ ಸೂರ್ಯನು ನೆತ್ತಿಯಿಂದ 4 ಡಿಗ್ರಿಯಷ್ಟು ಉತ್ತರಕ್ಕಿರುತ್ತಾನೆ; ನೆರಳು ದಕ್ಷಿಣಕ್ಕೆ ಬೀಳುತ್ತದೆ. ಅದರ ಉದ್ದವೆಷ್ಟು? 4 ಡಿಗ್ರಿಯ ಸ್ಪರ್ಶಕ 0.07. ಒಂದು ಮೀಟರ್ ಕಂಬಕ್ಕೆ 7 ಸೆಂಟಿಮೀಟರ್ ನೆರಳು! ಮನುಷ್ಯನ ನೆರಳು ಅವನ ಪಾದಗಳ ಬಳಿಯೇ ಮುದುಡಿಕೊಂಡಿರುತ್ತದೆ. ಅದೇ ಸ್ಥಳದಲ್ಲಿ ಜನವರಿ 22ರ ನಡುಹಗಲಿಗೆ ಸೂರ್ಯನು ನೆತ್ತಿಯಿಂದ ಸುಮಾರು 36 ಡಿಗ್ರಿ ದಕ್ಷಿಣಕ್ಕಿರುತ್ತಾನೆ. ಆಗ ಕಂಬದ ನೆರಳು ಉತ್ತರಕ್ಕೆ ಬಿದ್ದು ಕಂಬದ ಎತ್ತರದ ಮುಕ್ಕಾಲು ಪಾಲಿನಷ್ಟು ಉದ್ದವಾಗುತ್ತದೆ.

ನಮ್ಮ ತುಣುಕಿನಲ್ಲಿ ಧ್ವಜಸ್ತಂಭದ ನೆರಳು ಹೆಚ್ಚು ಕಡಿಮೆ ಸ್ತಂಭದ ಮುಕ್ಕಾಲು ಪಾಲಿನಷ್ಟಿತ್ತು. ‘ಮಧ್ಯಾಹ್ನ ಹನ್ನೆರಡು’ ಎಂಬ ವಿವರಣೆ ಅಲ್ಲಿಗೆ ಬಿದ್ದುಹೋಯಿತು. ಆದರೆ ಮೇ 22 ಎಂಬ ತಾರೀಖು ಬಿತ್ತೆ? ಇಲ್ಲ. ಮೇ ತಿಂಗಳಿನಲ್ಲಿಯೇ ಬೆಳಗಿನ ಹತ್ತರ ಸುಮಾರಿಗೆ ನೆರಳು ಅಷ್ಟೇ ಉದ್ದವಿರುತ್ತದೆ. ಆಗ ಅದು ಪಶ್ಚಿಮಕ್ಕೆ ಬಿದ್ದಿರುತ್ತದೆ. ಚಿತ್ರದಲ್ಲಿ ದಿಕ್ಕು ತಿಳಿಯದ ಹೊರತು ನೆರಳಿನ ಉದ್ದವೊಂದರಿಂದಲೇ ತೀರ್ಪು ಕೊಡಲಾಗದು. ಒಂದು ಪರೀಕ್ಷೆಯಿಂದ ಎಷ್ಟು ಸಿದ್ಧವಾಯಿತೋ ಅಷ್ಟನ್ನೇ ಹೇಳಬೇಕು. ವಿಜ್ಞಾನದ ಈ ನಿಯಮವನ್ನು ಪ್ರಯೋಗಶಾಲೆಯ ಹೊರಗೂ ಪಾಲಿಸುವುದು ಕಷ್ಟ. ಏಕೆಂದರೆ ಅಷ್ಟು ಹೊತ್ತಿಗೆ ನಾವೆಲ್ಲ ಆ ತುಣುಕನ್ನು ಸುಳ್ಳೆಂದು ಸಾರಲು ಆತುರಪಡುತ್ತಿದ್ದೆವು.

ಕೊನೆಗೆ ಸತ್ಯವನ್ನು ತೋರಿಸಿಕೊಟ್ಟದ್ದು ಒಂದು ಲಾರಿ. ಚೌಕಟ್ಟುಗಳನ್ನು ಒಂದೊಂದಾಗಿ ನಿಲ್ಲಿಸಿ ನೋಡುತ್ತಿದ್ದಾಗ, ಎರಡೇ ಸೆಕೆಂಡು ಕಾಣುವ ಲಾರಿಯ ಸಂಖ್ಯಾಫಲಕವನ್ನು ಒಬ್ಬ ವಿದ್ಯಾರ್ಥಿನಿ ಗುರುತಿಸಿದಳು. ಮೈಸೂರು ರಾಜ್ಯದ ವಾಹನಗಳ ಸಂಖ್ಯೆ ಆಗ ‘ಎಂ.ವೈ.’ ಅಕ್ಷರಗಳಿಂದ ಆರಂಭವಾಗುತ್ತಿತ್ತು. ಇದರ ಮೇಲಿದ್ದದ್ದು ಆಂಧ್ರದ ‘ಎ.ಪಿ.’. ಆ ಎಳೆಯನ್ನು ಹಿಡಿದು ಹೊರಟಾಗ ಪೂರ್ಣ ಚಿತ್ರವೇ ಶೀರ್ಷಿಕೆಯೊಡನೆ ದೊರೆಯಿತು. ಹೊಳೆಯೇನೋ ಕೃಷ್ಣೆಯೇ, ಸ್ಥಳ ಮಾತ್ರ ನಾಗಾರ್ಜುನಸಾಗರ! ಅಲ್ಲಿ 1955ರ ಡಿಸೆಂಬರಿನಲ್ಲಿ ನೆಹರೂ ಅವರು ಅಡಿಗಲ್ಲಿಟ್ಟು, ಮುಂದೆ ಹತ್ತು ವರ್ಷಕ್ಕೂ ಹೆಚ್ಚು ಕಾಲ ಸಹಸ್ರಾರು ಜನ ದುಡಿದಿದ್ದರು. ಆ ಜನರ ಬೆವರನ್ನು ನಾವು ಬೇರೆಯವರ ಲೆಕ್ಕಕ್ಕೆ ಬರೆದುಬಿಟ್ಟಿದ್ದೆವು.

ಅಳಿದುಹೋಗುವ ಸಾಕ್ಷಿ

ಹುಡುಕಿದರೆ ಎಲ್ಲವೂ ಸಿಕ್ಕೀತೆಂಬ ಭರವಸೆಯಿಲ್ಲ. ಮೊದಲ ಕನ್ನಡ ವಾಕ್ಚಿತ್ರವಾದ 1934ರ ‘ಸತಿ ಸುಲೋಚನ’ದ ಪ್ರತಿಯೊಂದೂ ಉಳಿದಿಲ್ಲ. 1950ರ ದಶಕದ ಆರಂಭದವರೆಗೆ 35 ಮಿಲಿಮೀಟರ್ ಫಿಲ್ಮುಗಳನ್ನು ಸೆಲ್ಯುಲೋಸ್ ನೈಟ್ರೇಟಿನಿಂದ ಮಾಡುತ್ತಿದ್ದರು. ಉರಿಯಲು ಬೇಕಾದ ಆಮ್ಲಜನಕ ಅದರ ಅಣುವಿನಲ್ಲಿಯೇ ಇರುವುದರಿಂದ ಅದಕ್ಕೆ ಹೊತ್ತಿದ ಬೆಂಕಿ ನೀರಿಗೂ ಆರದು. 2003ರಲ್ಲಿ ಪುಣೆಯಲ್ಲಿ ಇಂಥ ಸುರುಳಿಗಳಿದ್ದ ಉಗ್ರಾಣಕ್ಕೆ ಬೆಂಕಿ ತಗುಲಿ ಬಹಳಷ್ಟು ಹಳೆಯ ಚಿತ್ರಗಳು ನಾಶವಾದವು. ಅನಂತರ ಬಂದ ಅಸಿಟೇಟ್ ಫಿಲ್ಮು ಸುಲಭವಾಗಿ ಉರಿಯುವುದಿಲ್ಲ, ಆದರೆ ಬೇರೆ ರೀತಿಯಲ್ಲಿ ಕೆಡುತ್ತದೆ. ತೇವಾಂಶದೊಡನೆ ವರ್ತಿಸಿ ಅಸಿಟಿಕ್ ಆಮ್ಲವನ್ನು ಬಿಡುತ್ತದೆ. ಆ ಆಮ್ಲವೇ ಮುಂದಿನ ಕ್ಷಯವನ್ನು ತ್ವರಿತಗೊಳಿಸುತ್ತದೆ. ಡಬ್ಬಿ ತೆರೆದಾಗ ವಿನಿಗರಿನ ವಾಸನೆ ಬಂದರೆ ಈ ರೋಗ ಹಿಡಿದಿದೆ ಎಂದರ್ಥ. 21 ಡಿಗ್ರಿ ಸೆಂಟಿಗ್ರೇಡ್ ಉಷ್ಣತೆ, ಶೇಕಡಾ 50ರಷ್ಟು ತೇವಾಂಶ ಇರುವ ಕೋಣೆಯಲ್ಲಿ ಹೊಸ ಫಿಲ್ಮಿಗೆ ಇದು ತಗಲಲು ಸುಮಾರು 40 ವರ್ಷ ಬೇಕು. ಶಾಖ ಏರಿದಂತೆ ಈ ಅವಧಿ ಬೇಗಬೇಗನೆ ಕುಗ್ಗುತ್ತದೆ. ಬೇಸಗೆಯಲ್ಲಿ 40 ಡಿಗ್ರಿ ಮೀರುವ ನಮ್ಮ ಯಾದಗಿರಿಯ ಮನೆಗಳ ಅಟ್ಟದ ಮೇಲೆ ಸುರುಳಿಯನ್ನಿಟ್ಟರೆ ಏನಾದೀತೆಂದು ಬೇರೆ ಹೇಳಬೇಕಿಲ್ಲ.

ಕಾಂತೀಯ ಟೇಪಿನ ಕಥೆ ಮತ್ತೂ ಕರುಣಾಜನಕ. ಅದರಲ್ಲಿ ಕಬ್ಬಿಣದ ಆಕ್ಸೈಡಿನ ಕಣಗಳ ಕಾಂತತ್ವವೇ ಚಿತ್ರ. ಮತ್ತೊಮ್ಮೆ ಮುದ್ರಿಸಿದರೆ ಹಿಂದಿನದು ಅಳಿಯುತ್ತದೆ. ಟೇಪು ದುಬಾರಿಯಾಗಿದ್ದ ದಿನಗಳಲ್ಲಿ ಅನೇಕ ದೇಶಗಳು ಹೀಗೆಯೇ ಮಿತವ್ಯಯ ಮಾಡಿದವು. 1969ರಲ್ಲಿ ಮಾನವನು ಚಂದ್ರನ ಮೇಲಿಳಿದಾಗ ಬಂದ ಸಂಕೇತಗಳ ಮೂಲ ಟೇಪುಗಳು ಮರುಬಳಕೆಯಲ್ಲಿ ಅಳಿಸಿಹೋಗಿರಬೇಕೆಂದು ನಾಸಾ ಸಂಸ್ಥೆಯೇ 2009ರಲ್ಲಿ ತಿಳಿಸಿತು. ಇತರ ನಿಲಯಗಳಲ್ಲಿ ಉಳಿದಿದ್ದ ಪ್ರತಿಗಳಿಂದ ಆ ದೃಶ್ಯಗಳನ್ನು ಸರಿಪಡಿಸಬೇಕಾಯಿತು.

ನಮ್ಮ ಸೀಮೆಗೂ ಟೇಪಿಗೂ ಒಂದು ವಿಶೇಷ ಸಂಬಂಧವುಂಟು. 1975ರ ಆಗಸ್ಟ್ 1ರಿಂದ 1976ರ ಜುಲೈ 31ರವರೆಗೆ ಭಾರತದಲ್ಲಿ ಉಪಗ್ರಹದ ಮೂಲಕ ಬೋಧನೆಯ ಪ್ರಯೋಗ ನಡೆಯಿತು. ಎ.ಟಿ.ಎಸ್.-6 ಎಂಬ ಅಮೆರಿಕದ ಉಪಗ್ರಹದಿಂದ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ದಿನಕ್ಕೆ ನಾಲ್ಕು ಗಂಟೆ ಕಾಲ ದೂರದರ್ಶನ ನೇರವಾಗಿ ಇಳಿಯುತ್ತಿತ್ತು. ಕರ್ನಾಟಕದಲ್ಲಿ ಆಯ್ಕೆಯಾದ ಜಿಲ್ಲೆಗಳು ಬಿಜಾಪುರ, ಗುಲ್ಬರ್ಗಾ, ರಾಯಚೂರು. ಯಾದಗಿರಿ, ಶಹಾಪುರ, ಸುರಪುರಗಳು ಅಂದು ಗುಲ್ಬರ್ಗಾ ಜಿಲ್ಲೆಯ ತಾಲ್ಲೂಕುಗಳು. ಹತ್ತು ಅಡಿ ವ್ಯಾಸದ ತಂತಿಬಲೆಯ ಬಟ್ಟಲಿನ ಕೆಳಗೆ ಹಳ್ಳಿಯ ಜನ ಕುಳಿತು ನೋಡಿದ ಆ ಕನ್ನಡ ಕಾರ್ಯಕ್ರಮಗಳನ್ನೂ, ಆ ಮುಖಗಳನ್ನೂ ಹುಡುಕುವುದು ನಿಮ್ಮಲ್ಲಿ ಯಾರಾದರೂ ಕೈಗೊಳ್ಳಬೇಕಾದ ಕೆಲಸ. ಅಂದಿನ ಮಕ್ಕಳು ಇಂದು ಅಜ್ಜ ಅಜ್ಜಿಯರು. ಅವರನ್ನು ಕೇಳಲು ಇನ್ನೂ ಕಾಲ ಮೀರಿಲ್ಲ.

ವಿದ್ಯಾರ್ಥಿಗಳು ಮಾಡಬಹುದಾದದ್ದು

ಮನೆಯಲ್ಲಿ ಹಳೆಯ ಸುರುಳಿ ದೊರೆತರೆ ಕೂಡಲೇ ಯಂತ್ರಕ್ಕೆ ಹಾಕಿ ಓಡಿಸಬೇಡಿರಿ. ಕುಗ್ಗಿದ ಫಿಲ್ಮಿನ ರಂಧ್ರಗಳು ಯಂತ್ರದ ಹಲ್ಲುಗಳಿಗೆ ಸಿಕ್ಕಿ ಹರಿಯುತ್ತವೆ. 16 ಮಿಲಿಮೀಟರ್ ಫಿಲ್ಮಿನ 40 ಚೌಕಟ್ಟುಗಳು ಸರಿಯಾಗಿ ಒಂದು ಅಡಿ, ಎಂದರೆ 30.5 ಸೆಂಟಿಮೀಟರ್ ಇರಬೇಕು. ಅಳತೆಪಟ್ಟಿಯಲ್ಲಿ 30.2 ಬಂದರೆ ಶೇಕಡಾ ಒಂದರಷ್ಟು ಕುಗ್ಗಿದೆ. ಅದು ತಜ್ಞರ ಕೈಗೆ ಹೋಗತಕ್ಕದ್ದು. ಸುರುಳಿಯನ್ನು ತಂಪಾದ, ಒಣಗಿದ ಜಾಗದಲ್ಲಿಟ್ಟು, ಯಾರು, ಎಲ್ಲಿ, ಎಂದು ತೆಗೆದರೆಂಬುದನ್ನು ಹಿರಿಯರಿಂದ ಕೇಳಿ ಕಾಗದದ ಮೇಲೆ ಬರೆದಿಡಿರಿ. ಆ ಕಾಗದವಿಲ್ಲದ ಸುರುಳಿ ಹೆಸರಿಲ್ಲದ ಅನಾಥನಂತೆ.

ಬೇರೆಯವರ ಚಿತ್ರವನ್ನು ಬಳಸುವಾಗ ಹಕ್ಕಿನ ವಿಚಾರವನ್ನೂ ಮರೆಯಬಾರದು. ನಮ್ಮ ಕಾನೂನಿನಲ್ಲಿ ಚಲಚ್ಚಿತ್ರದ ಕೃತಿಸ್ವಾಮ್ಯವು ಪ್ರಕಟವಾದ ವರ್ಷದ ಮುಂದಿನ ವರ್ಷದಿಂದ 60 ವರ್ಷ ನಡೆಯುತ್ತದೆ. 1964ರಲ್ಲಿ ಪ್ರಕಟವಾದ ಚಿತ್ರದ ಸ್ವಾಮ್ಯ 2024ರ ಕೊನೆಗೆ ಮುಗಿಯಿತು. ಆದರೂ ಭಂಡಾರದಿಂದ ಉತ್ತಮ ಪ್ರತಿಯನ್ನು ಪಡೆಯಲು ಅವರ ಶುಲ್ಕವನ್ನೂ ನಿಯಮವನ್ನೂ ಒಪ್ಪಬೇಕು. ಪ್ರತಿಯೊಂದು ತುಣುಕಿಗೂ ಒಂದು ಪಟ್ಟಿ ಇಡಿರಿ: ಮೂಲ ಯಾವುದು, ಸುರುಳಿಯ ಸಂಖ್ಯೆ ಏನು, ಎಷ್ಟನೆಯ ನಿಮಿಷದಿಂದ ಎಷ್ಟನೆಯದರವರೆಗೆ, ಹಕ್ಕು ಯಾರದು, ಕೊನೆಯದಾಗಿ, ನಮ್ಮ ಸಂದೇಹವೇನು. ಈ ಕೊನೆಯ ಕಲಮನ್ನು ಎಂದೂ ಖಾಲಿ ಬಿಡಬಾರದೆಂದು ನಮ್ಮ ವಿದ್ಯಾರ್ಥಿಗಳು ತೀರ್ಮಾನಿಸಿದ್ದಾರೆ.

ನಾಗಾರ್ಜುನಸಾಗರದ ತುಣುಕನ್ನು ಅವರು ತೆಗೆದುಹಾಕಿದರು. ಆ ಜಾಗದಲ್ಲಿ ಶಹಾಪುರ ಶಾಖಾ ಕಾಲುವೆಯ ಇಂದಿನ ನೀರನ್ನು ತೋರಿಸಿ, 1964ರ ಆ ದಿನವನ್ನು ಮಾತಿನಲ್ಲಿ ಮಾತ್ರ ಹೇಳಿದರು. ಹೇಳಿದ ದನಿ ಹಿಂದಿನ ಸಾಲಿನಲ್ಲಿ ಎದ್ದು ನಿಂತಿದ್ದ ಆ ವೃದ್ಧ ರೈತರದು. ಎರಡನೆಯ ಬಾರಿ ಚಿತ್ರವನ್ನು ತೋರಿಸಿದಾಗ ಚಪ್ಪಾಳೆ ಮೊದಲಿನಷ್ಟು ಜೋರಾಗಿರಲಿಲ್ಲ. ಆದರೆ ಸಭೆ ಮುಗಿದ ಮೇಲೆ ಜನ ಅಲ್ಲಿಯೇ ನಿಂತು, ಹೊಳೆಯ ಬಗ್ಗೆ, ಬರಗಾಲದ ಬಗ್ಗೆ, ಮೊದಲ ನೀರು ಹೊಲಕ್ಕೆ ಬಂದ ದಿನದ ಬಗ್ಗೆ ತಮಗೆ ತಿಳಿದದ್ದನ್ನು ಬಹಳ ಹೊತ್ತು ಹೇಳುತ್ತಿದ್ದರು. ಒಬ್ಬ ವಿದ್ಯಾರ್ಥಿ ಅದನ್ನೆಲ್ಲ ಬರೆದುಕೊಳ್ಳುತ್ತಿದ್ದನು.